ಕ್ರಿಟಿಕಲ್ ಥಿಂಕಿಂಗ್ ಪುಸ್ತಕಗಳನ್ನ ಓದೋದು ಹೇಗೆ: ಕ್ಯಾರಲ್ ಅವರಿಂದ ಶುರು ಮಾಡೋರಿಗೆ

ಕ್ರಿಟಿಕಲ್ ಥಿಂಕಿಂಗ್, ಅಂದ್ರೆ ಯಾವುದನ್ನೂ ಸುಮ್ನೆ ನಂಬದೆ ಪರೀಕ್ಷಿಸಿ ಯೋಚಿಸೋದನ್ನ ಕಲಿಸೋ ಪುಸ್ತಕ ಕೈಗೆ ಸಿಕ್ಕಿದ ತಕ್ಷಣ ಬಹಳಷ್ಟು ಜನ ಮಾಡೋ ಮೊದಲ ಕೆಲಸ ಏನಂದ್ರೆ ತಾವು ಆಗಲೇ ಯಾವುದನ್ನ ನಂಬಲ್ವೋ ಆ ಪುಟ ಹುಡುಕೋದು. ನಾನೂ ಅದನ್ನೇ ಮಾಡಿದ್ದು. ರಾಬರ್ಟ್ ಟಾಡ್ ಕ್ಯಾರಲ್ ಅವರ 'ದಿ ಸ್ಕೆಪ್ಟಿಕ್ಸ್ ಡಿಕ್ಷನರಿ' ಸಿಕ್ಕಾಗ ಜ್ಯೋತಿಷ್ಯದ ಪುಟ ತೆಗೆದೆ, ಹಾರೋ ತಟ್ಟೆ ಪುಟ ತೆಗೆದೆ, ದೆವ್ವದ ಪುಟ ತೆಗೆದೆ, ಎಲ್ಲಾ ಕಡೆ ತಲೆಯಾಡಿಸ್ಕೊಂಡು ಹೌದು ಹೌದು ಅಂತ ಓದ್ತಾ ಹೋದೆ, ಆರು ತಿಂಗಳಾದ್ಮೇಲೆ ಕೂತು ಯೋಚಿಸಿದ್ರೆ ನನ್ನ ಒಂದೇ ಒಂದು ಅಭಿಪ್ರಾಯನೂ ಜಾಗ ಬಿಟ್ಟು ಅಲ್ಲಾಡಿರ್ಲಿಲ್ಲ. ಬೇರೆಯವರ ತಪ್ಪು ಹಿಡಿಯೋಕೆ ಹೊಸ ಹೊಸ ಪದ ಸಿಕ್ಕಿತ್ತು, ಅಷ್ಟೇ. ಆಮೇಲೆ ಅದೇ ಪುಸ್ತಕನ ಬೇರೆ ಕ್ರಮದಲ್ಲಿ, ಪೆನ್ನು ನೋಟ್‌ಬುಕ್ ಪಕ್ಕದಲ್ಲಿಟ್ಕೊಂಡು, ನನ್ನ ಮೇಲೇ ಪ್ರಯೋಗ ಮಾಡ್ಕೊಂಡು ಓದಿದೆ. ಆವಾಗ ಗೊತ್ತಾಯ್ತು ಈ ಪುಸ್ತಕಗಳು ನಿಜವಾಗಿ ಏನು ಅಂತ. ಆ ಕ್ರಮನೇ ಇಲ್ಲಿ ಬರೀತಿದೀನಿ, ಹೊಸಬರಿಗೆ ಆ ಆರು ತಿಂಗಳು ಉಳೀಲಿ ಅಂತ.

ಮೊದಲು ಆ ಮನುಷ್ಯ ಯಾರು ಅಂತ ಚಿಕ್ಕದಾಗಿ ಹೇಳ್ಬಿಡ್ತೀನಿ. ಕ್ಯಾರಲ್ ಹುಟ್ಟಿದ್ದು 1945ರಲ್ಲಿ, ತೀರಿಕೊಂಡಿದ್ದು 2016ರಲ್ಲಿ. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ಸ್ಯಾಕ್ರಮೆಂಟೊ ಸಿಟಿ ಕಾಲೇಜಲ್ಲಿ 1977ರಿಂದ 2007ರವರೆಗೆ ಫಿಲಾಸಫಿ ಪಾಠ ಮಾಡಿದ ಮೇಷ್ಟ್ರು. 1994ರಲ್ಲಿ ಇಂಟರ್ನೆಟ್ಟಲ್ಲಿ ಒಂದಷ್ಟು ಲೇಖನ ಹಾಕೋಕೆ ಶುರು ಮಾಡಿದ್ರು, ಅದು ಬೆಳೆದು ಬೆಳೆದು 2003ರಲ್ಲಿ ಡಿಕ್ಷನರಿ ಪುಸ್ತಕ ಆಯ್ತು. ಕ್ಲಾಸಿಗೋಸ್ಕರ ಬರೆದ 'ಬಿಕಮಿಂಗ್ ಎ ಕ್ರಿಟಿಕಲ್ ಥಿಂಕರ್' ಅದಕ್ಕಿಂತ ಹಿಂದಿಂದು, 2000ದ್ದು. 2011ರಲ್ಲಿ 'ಅನ್‌ನ್ಯಾಚುರಲ್ ಆಕ್ಟ್ಸ್', 2013ರಲ್ಲಿ 'ದಿ ಕ್ರಿಟಿಕಲ್ ಥಿಂಕರ್ಸ್ ಡಿಕ್ಷನರಿ' ಬಂತು. ದೊಡ್ಡ ಯೂನಿವರ್ಸಿಟಿಯ ದೊಡ್ಡ ಹೆಸರಲ್ಲ, ಆಗಷ್ಟೇ ಕಾಲೇಜಿಗೆ ಕಾಲಿಟ್ಟ ಹುಡುಗ ಹುಡುಗೀರಿಗೆ ವರ್ಷಗಟ್ಟಲೆ ಪಾಠ ಹೇಳಿದವರು. ಅದಕ್ಕೇ ಭಾಷೆ ಅಷ್ಟು ನೇರ, ಎಲ್ಲೂ ಸುತ್ತಿಬಳಸಿ ಹೇಳಲ್ಲ.

ಫಿಲಾಸಫಿಯವರು ಬರೆದಿದ್ದು ಅಂದ ತಕ್ಷಣ ಒಂದು ಗೊಂದಲ ಬರತ್ತೆ, ಅದನ್ನ ಓದೋಕೆ ಮುಂಚೆನೇ ಬಿಡಿಸ್ಕೊಳ್ಳಿ. ಸ್ಕೆಪ್ಟಿಸಿಸಂ ಅನ್ನೋ ಪದಕ್ಕೆ ಎರಡು ಬಾಳು ಇದೆ. ಒಂದು ಹಳೇದು, ಗ್ರೀಸಿನ ಪಿರ್‍ಹೋ, ಆಮೇಲೆ ಸೆಕ್ಸ್‌ಟಸ್ ಎಂಪಿರಿಕಸ್ ಇವರ ದಾರಿ. ಯಾವುದನ್ನೂ ಖಚಿತವಾಗಿ ತಿಳಿಯೋಕೆ ಆಗತ್ತಾ ಅನ್ನೋದೇ ಅಲ್ಲಿ ಪ್ರಶ್ನೆ, ಹೌದೂ ಅನ್ನದೆ ಇಲ್ಲಾನೂ ಅನ್ನದೆ ತೀರ್ಮಾನನ ತಡೆಹಿಡಿದು ಮನಸ್ಸಿಗೆ ನೆಮ್ಮದಿ ಕಂಡ್ಕೊಳ್ಳೋದು ಅವರ ಗುರಿ. ಕ್ಯಾರಲ್‌ಗೆ ಇದು ಚೆನ್ನಾಗಿ ಗೊತ್ತಿತ್ತು, ಸ್ಕೆಪ್ಟಿಸಿಸಂ ಇತಿಹಾಸ ಬರೆದ ರಿಚರ್ಡ್ ಪಾಪ್‌ಕಿನ್ ಅವರ ಕೈಕೆಳಗೇ ಡಾಕ್ಟರೇಟ್ ಮಾಡಿದವರು. ಎರಡನೇದು ದಿನಬಳಕೆಯ ಸಂಶಯ: ಈ ಮಾತ್ರೆ ಕೆಲಸ ಮಾಡತ್ತಾ, ಈ ಮನುಷ್ಯ ನಿಜವಾಗ್ಲೂ ಮನಸ್ಸು ಓದ್ತಾನಾ, ಈ ಮೆಸೇಜ್ ನಿಜಾನಾ, ಇದಕ್ಕೆ ಸಾಕ್ಷಿ ಏನಿದೆ ಅಂತ ಕೇಳೋದು. ಕ್ಯಾರಲ್ ಪುಸ್ತಕಗಳಲ್ಲಿ ಹೆಚ್ಚಾಗಿ ಸಿಗೋದು ಈ ಎರಡನೇದು. ನಮ್ಮ ಹಳೇ ಗಾದೆ ಇದೆಯಲ್ಲ, ಪ್ರತ್ಯಕ್ಷ ಕಂಡರೂ ಪ್ರಮಾಣಿಸಿ ನೋಡು ಅಂತ, ಆ ಗಾದೆನ ನಾಲ್ಕು ಪುಸ್ತಕಕ್ಕೆ ಹಿಗ್ಗಿಸಿದ ಹಾಗೆ. 'ಏನನ್ನೂ ತಿಳಿಯೋಕೆ ಆಗಲ್ಲ' ಅನ್ನೋ ಮಾತು ಇಲ್ಲಿ ಹುಡುಕಿದ್ರೆ ನಿರಾಸೆ ಆಗತ್ತೆ, 'ಕಣ್ಣಿಂದ ಕಂಡಿದ್ದನ್ನೂ ಇನ್ನೊಂದ್ಸಲ ಅಳೆದು ನೋಡೋದು ಹೇಗೆ' ಅಂತ ಹುಡುಕಿದ್ರೆ ಕೈತುಂಬ ಸಿಗತ್ತೆ.

ಪುಸ್ತಕ ತೆಗೆಯೋಕೆ ಮುಂಚೆ ಒಂದು ಪಟ್ಟಿ

ನೋಟ್‌ಬುಕ್ಕಲ್ಲಿ ನೀವು ನಂಬೋ ಹತ್ತು ವಿಷಯ ಬರೀರಿ. ದೊಡ್ಡ ದೊಡ್ಡ ಸಿದ್ಧಾಂತ ಬೇಡ, ದಿನಾ ನಡೆಸೋ ನಂಬಿಕೆಗಳು ಸಾಕು. ನಾನು ಜನರ ಮುಖ ನೋಡಿದ್ರೆ ಸುಳ್ಳು ಕಂಡುಹಿಡೀತೀನಿ, ಇಂಥ ಔಷಧಿ ನನಗೆ ಆಗಿಬರತ್ತೆ, ಆ ಘಟನೆ ನನಗೆ ಅಕ್ಷರ ಅಕ್ಷರ ನೆನಪಿದೆ, ನನಗೆ ಮೊದಲೇ ಸೂಚನೆ ಸಿಗತ್ತೆ, ಈ ಥರದ್ದು. ಪ್ರತಿಯೊಂದರ ಮುಂದೆ ಎಷ್ಟು ಖಾತ್ರಿ ಇದೆ ಅಂತ ಸೊನ್ನೆಯಿಂದ ಹತ್ತರೊಳಗೆ ಒಂದು ನಂಬರ್ ಹಾಕಿ, ಅದರ ಪಕ್ಕ ಒಂದೇ ಸಾಲಲ್ಲಿ ಬರೀರಿ: ಏನು ಕಂಡ್ರೆ ನಾನು ಇದನ್ನ ಬಿಡ್ತೀನಿ? ಈ ಸಾಲು ಬರೆಯೋದು ಬಹಳ ಕಷ್ಟ, ನನಗೆ ಹತ್ತರಲ್ಲಿ ನಾಲ್ಕಕ್ಕೆ ಏನೂ ಹೊಳೀಲೇ ಇಲ್ಲ. ಆ ಖಾಲಿ ಬಿಟ್ಟ ನಾಲ್ಕು ಸಾಲುಗಳೇ ಆಮೇಲೆ ನನಗೆ ಎಲ್ಲಕ್ಕಿಂತ ಹೆಚ್ಚು ಕಲಿಸಿದ್ದು, ಯಾಕಂದ್ರೆ ಏನೇ ಆದ್ರೂ ಬಿಡಲ್ಲ ಅನ್ನೋ ನಂಬಿಕೆಗೆ ಸಾಕ್ಷಿಯ ಸಂಬಂಧನೇ ಇರಲ್ಲ, ಅದನ್ನ ನಾವು ಬೇರೆ ಯಾವುದೋ ಕಾರಣಕ್ಕೆ ಹಿಡ್ಕೊಂಡಿರ್ತೀವಿ.

ಇದನ್ನ ತಮಾಷೆಗೆ ಬಿಟ್ಬಿಡಬೇಡಿ ಪ್ಲೀಸ್. ನಂಬರ್ ಬರೆದಿಟ್ಟಿಲ್ಲ ಅಂದ್ರೆ ಓದಿದ ಮೇಲೆ 'ನಾನು ಮೊದಲಿಂದಲೂ ಹಾಗೇ ಅಂದ್ಕೊಂಡಿದ್ದೆ' ಅಂತ ಮನಸ್ಸು ಸದ್ದಿಲ್ಲದೆ ಹಳೇ ಲೆಕ್ಕ ತಿದ್ದಿಬಿಡತ್ತೆ.

ಯಾವುದು ಮೊದಲು

ಡಿಕ್ಷನರಿಯಲ್ಲಿ ಸುಮಾರು 400 ನಮೂದುಗಳಿವೆ, ಅದನ್ನ ಮೊದಲ ಅಕ್ಷರದಿಂದ ಕೊನೇ ಅಕ್ಷರದವರೆಗೆ ಓದ್ತೀನಿ ಅಂತ ಹೊರಟ್ರೆ ಅರ್ಧಕ್ಕೇ ಸುಸ್ತಾಗತ್ತೆ. ಅದರೊಳಗೆ ಎರಡು ಜಾತಿಯ ನಮೂದು ಇದೆ ಅಂತ ಯಾರೂ ನನಗೆ ಹೇಳಿರ್ಲಿಲ್ಲ. ಒಂದು, ವಿಚಿತ್ರ ನಂಬಿಕೆಗಳ ಬಗ್ಗೆ, ಅದು ಜಾಸ್ತಿ. ಇನ್ನೊಂದು, ನಮ್ಮ ತಲೆ ಹೇಗೆ ಮೋಸ ಹೋಗತ್ತೆ ಅನ್ನೋದರ ಬಗ್ಗೆ, ಅದು ಕಮ್ಮಿ ಆದ್ರೆ ಚಿನ್ನ. ಈ ಎರಡನೇ ಜಾತಿಯನ್ನ ಮೊದಲು ಓದಿ: ಫೋರರ್ ಎಫೆಕ್ಟ್, ಕನ್ಫರ್ಮೇಶನ್ ಬಯಾಸ್, ಐಡಿಯೋಮೋಟರ್ ಎಫೆಕ್ಟ್, ಕ್ಲೆವರ್ ಹ್ಯಾನ್ಸ್, ಪೋಸ್ಟ್ ಹಾಕ್, ರಿಗ್ರೆಸಿವ್ ಫ್ಯಾಲಸಿ, ಕೋಲ್ಡ್ ರೀಡಿಂಗ್ (ಎದುರಿಗಿರೋರ ಪ್ರತಿಕ್ರಿಯೆ ನೋಡ್ಕೊಂಡೇ ಅವರ ಬಗ್ಗೆ ಗೊತ್ತಿರೋ ಹಾಗೆ ಹೇಳೋದು), ಪ್ಲಸೀಬೋ (ಔಷಧಿಯೇ ಇಲ್ಲದ ಹುಸಿ ಮಾತ್ರೆಯಿಂದಲೂ ವಾಸಿಯಾದ ಹಾಗನ್ಸೋದು), ಕಮ್ಯುನಲ್ ರಿಇನ್‌ಫೋರ್ಸ್‌ಮೆಂಟ್ (ಸುತ್ತಲಿನವರೆಲ್ಲ ಹೇಳ್ತಾ ಹೇಳ್ತಾ ನಂಬಿಕೆ ಗಟ್ಟಿಯಾಗೋದು), ಆಡ್ ಹಾಕ್ ಹೈಪಾಥಿಸಿಸ್. ಈ ಹತ್ತು ಗಟ್ಟಿ ಆದ್ರೆ ಉಳಿದ ಮುನ್ನೂರ ಚಿಲ್ಲರೆ ನಮೂದುಗಳನ್ನ ನೀವೇ ಊಹಿಸಿ ಬರೀಬಹುದು, ಅಷ್ಟರಮಟ್ಟಿಗೆ ಅದೇ ಅದೇ ತಪ್ಪು ಬೇರೆ ಬೇರೆ ವೇಷ ಹಾಕ್ಕೊಂಡು ಬರ್ತಿರತ್ತೆ. ವಾರಕ್ಕೆ ಒಂದು ನಮೂದು, ಅದಕ್ಕಿಂತ ಜೋರಾಗಿ ಬೇಡ. ಇದಾದ್ಮೇಲೆ 'ಅನ್‌ನ್ಯಾಚುರಲ್ ಆಕ್ಟ್ಸ್' ತಗೊಳ್ಳಿ, ಸರಿಯಾಗಿ ಯೋಚಿಸೋದು ನಮಗೆ ಸಹಜವಾಗಿ ಬರೋ ಕೆಲಸ ಅಲ್ಲ, ಸಹಜ ಪ್ರವೃತ್ತಿಗೆ ಎದುರಾಗಿ ಈಜೋ ಕೆಲಸ ಅನ್ನೋದೇ ಅದರ ಒಟ್ಟು ವಾದ, ಮೊದಲ ಹತ್ತು ನಮೂದು ಅನುಭವಿಸಿದ ಮೇಲೆ ಓದಿದ್ರೆ ಪ್ರತಿ ಪುಟವೂ ನಾಟತ್ತೆ. 'ಬಿಕಮಿಂಗ್ ಎ ಕ್ರಿಟಿಕಲ್ ಥಿಂಕರ್' ಪಠ್ಯಪುಸ್ತಕ ಕೊನೆಗಿರಲಿ, ವಾದನ ಬಿಡಿಸಿ ನೋಡೋ ಅಭ್ಯಾಸಕ್ಕೆ. 2013ರ ಪುಸ್ತಕ ಮಧ್ಯೆ ಮಧ್ಯೆ ತಿರುವಿ ಹಾಕೋಕೆ.

ಮೊದಲ ವಾರ, ಫೋರರ್

ಇದನ್ನ ಓದಬೇಡಿ, ಮಾಡಿ. 1948ರಲ್ಲಿ ಬರ್ಟ್ರಮ್ ಫೋರರ್ ಅನ್ನೋ ಸೈಕಾಲಜಿಸ್ಟ್ ತನ್ನ 39 ವಿದ್ಯಾರ್ಥಿಗಳಿಗೆ ಪರ್ಸನಾಲಿಟಿ ಟೆಸ್ಟ್ ಕೊಟ್ಟು, ಆಮೇಲೆ ಪ್ರತಿಯೊಬ್ಬರಿಗೂ ಅವರವರ ಸ್ವಭಾವದ ವಿವರಣೆ ಅಂತ ಒಂದೊಂದು ಹಾಳೆ ಕೊಟ್ರು. ಎಷ್ಟು ಸರಿ ಇದೆ ಅಂತ ಐದಕ್ಕೆ ಅಂಕ ಹಾಕಿ ಅಂದ್ರೆ ಸರಾಸರಿ 4.26 ಬಂತು. ಎಲ್ಲರ ಹಾಳೆಯಲ್ಲಿದ್ದಿದ್ದೂ ಒಂದೇ ವಿವರಣೆ, ಅದರ ವಾಕ್ಯಗಳನ್ನ ಅವರು ಹೆಚ್ಚಾಗಿ ಅಂಗಡಿಯಲ್ಲಿ ಮಾರೋ ಜ್ಯೋತಿಷ್ಯದ ಪುಸ್ತಕದಿಂದ ಎತ್ತಿದ್ರು.

ನನ್ನ ಹತ್ರ ಒಂದು ಕಾಗದ ಇತ್ತು. ಬಹಳ ಹಿಂದೆ ಒಬ್ಬರು ನನ್ನ ಕೈಬರಹ ನೋಡಿ ಸ್ವಭಾವ ಬರೆದುಕೊಟ್ಟಿದ್ರು, ಎಷ್ಟೊಂದು ಸರಿಯಾಗಿತ್ತು ಅಂದ್ರೆ ಅದನ್ನ ಜೋಪಾನ ಮಾಡಿ ಇಟ್ಟಿದ್ದೆ, ಕಷ್ಟದ ದಿನಗಳಲ್ಲಿ ತೆಗೆದು ಓದಿದ್ದೂ ಇದೆ. ಫೋರರ್ ನಮೂದು ಓದಿದ ರಾತ್ರಿ ಅದನ್ನ ತೆಗೆದು ಮೇಲಿನ ಹೆಸರು ಬಿಟ್ಟು ಉಳಿದಿದ್ದನ್ನ ಟೈಪ್ ಮಾಡಿ, ನಾಲ್ಕು ಜನ ಸ್ನೇಹಿತರಿಂದ ಒಂದೊಂದು ಪುಟ ಬರೆಸ್ಕೊಂಡು, ಎರಡು ದಿನ ಬಿಟ್ಟು ನಾಲ್ಕು ಜನಕ್ಕೂ ಅದನ್ನೇ ಕಳಿಸಿದೆ. ಮೂರು ಜನ ಇದು ನಾನೇ ಅಂದ್ರು, ಒಬ್ಬಳಂತೂ ಫೋನ್ ಮಾಡಿ ಇದನ್ನ ಯಾರು ಬರೆದ್ರು ಅಂತ ಕೇಳಿದ್ಲು. ಆಮೇಲೆ ಎಲ್ಲರಿಗೂ ನಿಜ ಹೇಳಿದೆ, ಅದು ಬಹಳ ಮುಖ್ಯ, ಪ್ರಯೋಗ ಮಾಡಿ ಸ್ನೇಹಿತರನ್ನ ಕತ್ತಲಲ್ಲಿ ಬಿಡಬಾರದು. ಅವತ್ತು ನನಗೆ ಬೇಜಾರಾಗಿದ್ದು ಬರೆದುಕೊಟ್ಟವರ ಮೇಲಲ್ಲ. ಅವರೂ ಮನಸಾರೆ ನಂಬಿಯೇ ಬರೆದಿದ್ರು ಅಂತ ಈಗಲೂ ಅನ್ಸತ್ತೆ, ಕೇಳಿದವರೆಲ್ಲ ಸರಿ ಅಂದಾಗ ಅವರಿಗಾದ್ರೂ ಹೇಗೆ ಗೊತ್ತಾಗಬೇಕು? ನಂಬಿಸೋರು ನಂಬೋರು ಇಬ್ಬರನ್ನೂ ಒಟ್ಟಿಗೇ ಕಟ್ಟಿಹಾಕೋ ಗಂಟು ಇದು, ಮೋಸಗಾರರು ಬೇಕೇ ಅಂತಿಲ್ಲ.

ಎರಡು, ನಾಲ್ಕು, ಆರು

ಕನ್ಫರ್ಮೇಶನ್ ಬಯಾಸ್, ಅಂದ್ರೆ ನಮ್ಮ ನಂಬಿಕೆಗೆ ಹೊಂದೋದನ್ನೇ ಹುಡುಕೋ ಚಾಳಿ, ಆ ಪದ ಈಗ ಎಲ್ಲರ ಬಾಯಲ್ಲೂ ಇದೆ, ಅದಕ್ಕೇ ಅದು ಯಾರಿಗೂ ತಾಕೋದಿಲ್ಲ. ತಾಕಬೇಕು ಅಂದ್ರೆ ಲಂಡನ್ನಿನ ಸೈಕಾಲಜಿಸ್ಟ್ ಪೀಟರ್ ವೇಸನ್ 1960ರಲ್ಲಿ ಪ್ರಕಟಿಸಿದ ಆಟನ ಯಾರ ಜೊತೆಗಾದ್ರೂ ಆಡಿ. ನಾನು ಒಂದು ನಿಯಮ ಮನಸ್ಸಲ್ಲಿಟ್ಕೊಂಡಿದೀನಿ, 2, 4, 6 ಆ ನಿಯಮಕ್ಕೆ ಹೊಂದತ್ತೆ, ನೀನು ಮೂರು ಮೂರು ಸಂಖ್ಯೆ ಹೇಳ್ತಾ ಹೋಗು, ಹೊಂದತ್ತೋ ಇಲ್ವೋ ಅಂತ ಹೇಳ್ತೀನಿ, ಖಾತ್ರಿ ಆದಾಗ ನಿಯಮ ಹೇಳು, ಅಂತ ಕೇಳ್ಬೇಕು. ಎದುರಿಗಿರೋರು ಸಾಮಾನ್ಯವಾಗಿ 8, 10, 12 ಅಂತಾರೆ, ಹೌದು. 20, 22, 24, ಹೌದು. 100, 102, 104, ಹೌದು. ಸರಿ, ಎರಡೆರಡು ಕೂಡಿಸ್ತಾ ಹೋಗೋದು ಅಂತಾರೆ, ತಪ್ಪು. ನಿಯಮ ಇರೋದು 'ಒಂದಕ್ಕಿಂತ ಒಂದು ದೊಡ್ಡದು' ಅಂತ ಮಾತ್ರ. 1, 2, 50 ಅಂದಿದ್ರೂ ಹೌದು ಅಂತಿದ್ವಿ, ಆದ್ರೆ ಅದನ್ನ ಕೇಳೋಕೇ ಹೋಗಲ್ಲ. ತಮ್ಮ ಊಹೆಗೆ ಹೊಂದೋದನ್ನೇ ಕೇಳ್ತಾರೆ, ಹೊಂದದೇ ಇರೋದನ್ನ ಕೇಳಿದ್ರೆ ತಾನೇ ಊಹೆ ಮುರಿಯೋದು.

ಇದನ್ನ ನಿಮ್ಮ ಪಟ್ಟಿಗೆ ಹಚ್ಚೋದು ಹೀಗೆ. ಪಟ್ಟಿಯ ಒಂದು ನಂಬಿಕೆ ತಗೊಳ್ಳಿ, ಅದು ತಪ್ಪಾಗಿದ್ರೆ ಏನು ಕಾಣಬೇಕಿತ್ತು ಅಂತ ಬರೀರಿ, ಒಂದು ವಾರ ಅದನ್ನ ಮಾತ್ರ ಹುಡುಕಿ. ಮುಖ ನೋಡಿ ಸುಳ್ಳು ಹಿಡೀತೀನಿ ಅನ್ನೋದು ನನ್ನ ಪಟ್ಟೀಲಿ ಎಂಟಿತ್ತು. ಇಬ್ಬರು ಸ್ನೇಹಿತರಿಗೆ ತಲಾ ಹತ್ತು ಸಣ್ಣ ಕತೆ ಹೇಳು, ಯಾವುದು ನಿಜ ಯಾವುದು ಸುಳ್ಳು ಅನ್ನೋದನ್ನ ನಾಣ್ಯ ಚಿಮ್ಮಿ ನೀನೇ ಗುಟ್ಟಾಗಿ ಬರೆದಿಟ್ಕೋ ಅಂದೆ. ಇಪ್ಪತ್ತರಲ್ಲಿ ಹನ್ನೊಂದು ಸರಿ ಹೇಳಿದೆ, ಅಂದ್ರೆ ನಾಣ್ಯಕ್ಕಿಂತ ನಾನೇನೂ ಮೇಲಲ್ಲ. ಎಂಟನ್ನ ಹೊಡೆದು ಎರಡು ಅಂತ ಬರೆಯೋವಾಗ ಕೈ ನಿಜವಾಗ್ಲೂ ತಡೀತು, ಇಷ್ಟು ವರ್ಷ ಆ ನಂಬಿಕೆ ಮೇಲೆ ಎಷ್ಟು ಜನರನ್ನ ಅಳೆದಿದ್ದೆ ಅನ್ನೋದು ನೆನಪಾಯ್ತು.

ಅಜ್ಜಿ ಕೋಳಿ ಮತ್ತು ನಾಲ್ಕು ಮನೆ

ತನ್ನ ಕೋಳಿ ಕೂಗೋದ್ರಿಂದಲೇ ಬೆಳಗಾಗೋದು ಅಂತ ನಂಬಿ, ಜನರ ಮೇಲೆ ಮುನಿಸ್ಕೊಂಡು ಕೋಳಿನ ಕಂಕುಳಲ್ಲಿಟ್ಕೊಂಡು ಹೊರಟ ಅಜ್ಜಿ ಕತೆ ನಮಗೆಲ್ಲ ಗೊತ್ತು. ಪೋಸ್ಟ್ ಹಾಕ್ ಅಂದ್ರೆ ಅದೇ, ಇದಾದ ಮೇಲೆ ಅದಾಯ್ತು, ಹಾಗಾಗಿ ಇದರಿಂದಲೇ ಅದಾಯ್ತು. ಅಜ್ಜಿನ ನೋಡಿ ನಗೋದು ಸುಲಭ, ಆದ್ರೆ ಕೆಮ್ಮು ಜೋರಾದ ದಿನ ಏನೋ ಕುಡಿದು, ಮೂರು ದಿನಕ್ಕೆ ವಾಸಿಯಾದಾಗ ಅದರಿಂದಲೇ ಆಯ್ತು ಅಂತ ನಾವೂ ಹೇಳ್ತೀವಿ. ಕ್ಯಾರಲ್ ಇದಕ್ಕೆ ಜೋಡಿಯಾಗಿ ಇಡೋ ರಿಗ್ರೆಸಿವ್ ಫ್ಯಾಲಸಿನ ಇಲ್ಲೇ ಓದ್ಬೇಕು. ನೋವು, ನೆಗಡಿ, ಬೇಸರ, ಆಟಗಾರನ ಫಾರಂ, ಇವೆಲ್ಲ ತಾವಾಗೇ ಏರಿ ಇಳೀತಿರತ್ತೆ. ನಾವು ಔಷಧಿ ಹುಡುಕೋದು ತುಂಬ ಏರಿದಾಗ ಮಾತ್ರ, ಅಲ್ಲಿಂದ ಮುಂದೆ ಹೆಚ್ಚಾಗಿ ಆಗೋದೇ ಇಳಿಯೋದು. ಅಂದ್ರೆ ಏನೂ ಮಾಡದ ಔಷಧಿಗೂ ಆ ಕ್ರೆಡಿಟ್ ಸಿಗತ್ತೆ. ಅದಕ್ಕೇ ಔಷಧಿ ಕೊಟ್ಟ ಗುಂಪಿನ ಪಕ್ಕ ಕೊಡದ ಗುಂಪೊಂದು ಬೇಕೇ ಬೇಕು, 'ನನಗೆ ವಾಸಿಯಾಯ್ತು' ಅನ್ನೋ ಸಾವಿರ ಮಾತು ಸೇರಿದ್ರೂ ಆ ಎರಡನೇ ಗುಂಪಿನ ಜಾಗ ತುಂಬಲ್ಲ. (ಇದನ್ನ ಓದಿ ಡಾಕ್ಟರ್ ಕೊಟ್ಟ ಮಾತ್ರೆ ನೀವಾಗೇ ನಿಲ್ಲಿಸೋಕೆ ಹೋಗಬೇಡಿ. ಸಂಶಯ ಇದ್ರೆ ಅವರನ್ನೇ ಕೇಳಿ, ಒಳ್ಳೇ ಡಾಕ್ಟರಿಗೆ ಆ ಪ್ರಶ್ನೆ ಬೇಜಾರಾಗಲ್ಲ.)

ಇದಕ್ಕೆ ನಾನು ಬಳಸೋ ಉಪಕರಣ ಒಂದು ಚೌಕ. ನಾಲ್ಕು ಮನೆ ಬರೀರಿ. ಕನಸಲ್ಲಿ ಒಬ್ಬರು ಬಂದ್ರು, ಮಾರನೇ ದಿನ ಅವರ ಫೋನ್ ಬಂತು, ಇದು ಒಂದನೇ ಮನೆ. ಕನಸಲ್ಲಿ ಬಂದ್ರು, ಫೋನ್ ಬರ್ಲಿಲ್ಲ, ಎರಡು. ಕನಸಲ್ಲಿ ಬರ್ಲಿಲ್ಲ, ಫೋನ್ ಬಂತು, ಮೂರು. ಎರಡೂ ಇಲ್ಲ, ನಾಲ್ಕು. ನಮಗೆ ನೆನಪಿರೋದು ಒಂದನೇ ಮನೆ ಮಾತ್ರ, ಯಾಕಂದ್ರೆ ಕತೆ ಇರೋದು ಅಲ್ಲೇ. ಉಳಿದ ಮೂರು ಮನೆ ತುಂಬದೆ ಸಂಬಂಧ ಇದೆಯೋ ಇಲ್ಲವೋ ಹೇಳೋಕೆ ಸಾಧ್ಯನೇ ಇಲ್ಲ. ಕಾಗೆ ಕೂರೋಕೂ ಟೊಂಗೆ ಮುರಿಯೋಕೂ ಸರಿಹೋಯ್ತು ಅಂತೀವಲ್ಲ, ಕಾಗೆ ಕೂತೂ ಮುರೀದೇ ಇದ್ದ ಟೊಂಗೆಗಳನ್ನ ಯಾರಾದ್ರೂ ಎಣಿಸಿದಾರಾ? ಒಂದು ತಿಂಗಳು ಡೈರಿ ಇಟ್ಟು ನೀವು ಎಣಿಸಿ. ಕನಸು ಎದ್ದ ತಕ್ಷಣ ಬರೀಬೇಕು, ಫೋನ್ ಬಂದ ಮೇಲೆ ಬರೆದ್ರೆ ಲೆಕ್ಕಕ್ಕಿಲ್ಲ.

ಕಣ್ಣು ಕಟ್ಟಿ ನೋಡೋದು

ನಾಲ್ಕನೇ ವಾರಕ್ಕೆ ದಾರಕ್ಕೆ ಒಂದು ಉಂಗುರ ಕಟ್ಟಿ ತೂಗುಬಿಡಿ, ಮೊಣಕೈ ಮೇಜಿನ ಮೇಲಿರಲಿ, ಕೈ ಅಲ್ಲಾಡಿಸಬೇಡಿ, ಗಡಿಯಾರದ ದಿಕ್ಕಲ್ಲಿ ತಿರುಗ್ತಿದೆ ಅಂತ ಸುಮ್ನೆ ಕಲ್ಪಿಸ್ಕೊಳ್ಳಿ. ಸ್ವಲ್ಪ ಹೊತ್ತಲ್ಲಿ ತಿರುಗತ್ತೆ, ಮೈ ಜುಮ್ ಅನ್ನತ್ತೆ. ನಮಗೆ ಗೊತ್ತಾಗದ ಹಾಗೆ ಸ್ನಾಯು ಅಲ್ಲಾಡೋದೇ ಐಡಿಯೋಮೋಟರ್ ಎಫೆಕ್ಟ್, ಆ ಹೆಸರು ಕೊಟ್ಟವರು ವಿಲಿಯಂ ಕಾರ್ಪೆಂಟರ್, 1852ರಲ್ಲಿ. ಮರುವರ್ಷವೇ ಮೈಕೆಲ್ ಫ್ಯಾರಡೆ, ಅದೇ ವಿದ್ಯುತ್ತಿನ ಫ್ಯಾರಡೆ, ಆತ್ಮಗಳು ಮೇಜು ಸರಿಸ್ತಿವೆ ಅನ್ನೋ ಗಲಾಟೆ ಜೋರಾಗಿದ್ದಾಗ ಮೇಜಿನ ಮೇಲೆ ಮೆತ್ತಗಿನ ಅಂಟು ಹಾಕಿದ ರಟ್ಟಿನ ಪದರಗಳನ್ನಿಟ್ಟು ಅದರ ಮೇಲೆ ಕೈ ಇಡಿಸಿದ್ರು. ಆತ್ಮ ಮೇಜನ್ನ ಎಳೆದ್ರೆ ಕೆಳಗಿನ ಪದರ ಮೊದಲು ಜರುಗಬೇಕು, ಕೈ ತಳ್ಳಿದ್ರೆ ಮೇಲಿನದು. ಮೇಲಿನದೇ ಜರುಗಿತ್ತು. ಎಷ್ಟು ಸರಳ ನೋಡಿ, ಯಾರನ್ನೂ ಸುಳ್ಳುಗಾರ ಅನ್ನಲಿಲ್ಲ, ಕೂತವರು ಪ್ರಾಮಾಣಿಕರೇ ಅಂತ ಒಪ್ಪಿಕೊಂಡೇ ಪ್ರಶ್ನೆಗೆ ಉತ್ತರ ಕಂಡುಹಿಡಿದ್ರು.

ಕ್ಲೆವರ್ ಹ್ಯಾನ್ಸ್ ಕುದುರೆಯದೂ ಇದೇ ಪಾಠ. ಜರ್ಮನಿಯ ಆ ಕುದುರೆ ಗೊರಸು ಬಡಿದು ಲೆಕ್ಕ ಹೇಳ್ತಿತ್ತು, ಆಸ್ಕರ್ ಫಂಗ್ಸ್ಟ್ ಪರೀಕ್ಷೆ ಮಾಡಿ 1907ರಲ್ಲಿ ಪ್ರಕಟಿಸಿದ್ದು ಏನಂದ್ರೆ, ಪ್ರಶ್ನೆ ಕೇಳೋರಿಗೇ ಉತ್ತರ ಗೊತ್ತಿಲ್ಲದಿದ್ರೆ ಕುದುರೆಗೂ ಗೊತ್ತಾಗಲ್ಲ. ಕೇಳೋರ ತಲೆ ಮುಖದಲ್ಲಾಗೋ ಸಣ್ಣ ಚಲನೆ ನೋಡಿ ಅದು ಬಡಿಯೋದನ್ನ ನಿಲ್ಲಿಸ್ತಿತ್ತು. ಇನ್ನು ನನಗೆ ಬಹಳ ಇಷ್ಟವಾದ ಪರೀಕ್ಷೆ ಅಮೆರಿಕದ ಎಮಿಲಿ ರೋಸಾದು, ಮಾಡಿದಾಗ ಒಂಬತ್ತು ವರ್ಷದ ಹುಡುಗಿ, ಶಾಲೆಯ ಸೈನ್ಸ್ ಪ್ರಾಜೆಕ್ಟ್. ಮುಟ್ಟದೆಯೇ ಇನ್ನೊಬ್ಬರ ದೇಹದ ಶಕ್ತಿನ ಕೈಯಿಂದ ಗ್ರಹಿಸ್ತೀವಿ ಅನ್ನೋ 21 ಜನ ಚಿಕಿತ್ಸಕರನ್ನ ಪರದೆ ಹಿಂದೆ ಕೂರಿಸಿ, ರಟ್ಟಿನ ತೂತಿಂದ ಎರಡೂ ಕೈ ಚಾಚಿಸಿ, ನಾಣ್ಯ ಚಿಮ್ಮಿ ಒಂದು ಕೈ ಹತ್ರ ತನ್ನ ಕೈ ಹಿಡಿದು, ಯಾವ ಕೈ ಹತ್ರ ನಾನಿದೀನಿ ಅಂತ ಕೇಳಿದ್ಲು. 280 ಸಲದಲ್ಲಿ 123 ಸರಿ, ಅಂದ್ರೆ ಶೇಕಡಾ 44, ಸುಮ್ನೆ ಊಹಿಸಿದ್ರೂ ಅರ್ಧ ಬರ್ತಿತ್ತು. 1998ರಲ್ಲಿ ಅಮೆರಿಕನ್ ಮೆಡಿಕಲ್ ಅಸೋಸಿಯೇಶನ್ನಿನ ಜರ್ನಲ್‌ನಲ್ಲಿ ಅದು ಪ್ರಕಟ ಆಯ್ತು. ದುಡ್ಡು ಬೇಡ, ಲ್ಯಾಬ್ ಬೇಡ, ಉತ್ತರ ಗೊತ್ತಾಗೋ ಬೇರೆಲ್ಲ ದಾರಿ ಮುಚ್ಚಿದ್ರೆ ಸಾಕು.

ನಿಮ್ಮದೇ ಪರೀಕ್ಷೆ ಮಾಡೋವಾಗ ಮೂರು ಮಾತು ನೆನಪಿಡಿ. ಎಷ್ಟು ಸರಿ ಬಂದ್ರೆ ಗೆದ್ದ ಹಾಗೆ ಅಂತ ಶುರು ಮಾಡೋಕೆ ಮುಂಚೆನೇ ಬರೆದಿಟ್ಟು ಇಬ್ಬರೂ ಒಪ್ಪಿಕೊಳ್ಳಿ. ಪರೀಕ್ಷೆ ನಡೆಸೋರಿಗೇ ಉತ್ತರ ಗೊತ್ತಿರಬಾರದು, ಇಲ್ಲಾಂದ್ರೆ ಅವರೇ ಹ್ಯಾನ್ಸಿನ ಯಜಮಾನ ಆಗ್ಬಿಡ್ತಾರೆ. ಆಮೇಲೆ, ಸೋತ ಮೇಲೆ ಹುಟ್ಟೋ ಕಾರಣಗಳನ್ನ ಬೇರೆ ಪುಟದಲ್ಲಿ ಬರೀರಿ: ಇವತ್ತು ಮನಸ್ಸು ಸರಿ ಇರ್ಲಿಲ್ಲ, ನಿನ್ನ ಅಪನಂಬಿಕೆಯಿಂದ ಶಕ್ತಿ ಕುಗ್ಗಿತು, ಈ ಥರದ್ದು. ಕ್ಯಾರಲ್ ಇದನ್ನೇ ಆಡ್ ಹಾಕ್ ಹೈಪಾಥಿಸಿಸ್ ಅನ್ನೋ ನಮೂದಲ್ಲಿ ಹೇಳೋದು. ಆ ಕಾರಣ ನಿಜವೂ ಇರಬಹುದು, ಹಾಗಿದ್ರೆ ಅದನ್ನೂ ಪರೀಕ್ಷೆ ಮಾಡೋಣ ಅನ್ಬೇಕು. ಪರೀಕ್ಷೆಗೆ ಸಿಗದ ಹಾಗೆ ಪ್ರತಿ ಸಲ ಹೊಸ ಕಾರಣ ಬರ್ತಿದ್ರೆ ಅಲ್ಲಿಗೆ ನಂಬರ್ ಇಳಿಸಿ.

ಪುಸ್ತಕದ ಮೇಲೂ ಸಂಶಯ ಇರಲಿ

ಇದನ್ನ ಬಹಳ ಜನ ಮರೀತಾರೆ. ಡಿಕ್ಷನರಿಯ ಮುನ್ನುಡಿಯಲ್ಲೇ ಕ್ಯಾರಲ್ ಬಿಚ್ಚಿ ಹೇಳಿದಾರೆ, ಎರಡೂ ಕಡೆಯನ್ನ ಸಮತೂಕದಲ್ಲಿ ಇಡೋ ಪುಸ್ತಕ ಇದಲ್ಲ, ನಂಬಿಸೋ ಪುಸ್ತಕಗಳ ರಾಶಿ ಅಷ್ಟು ದೊಡ್ಡದಾಗಿರೋವಾಗ ಎದುರು ತಕ್ಕಡಿಗೆ ಇದು ಅಂತ. ಯಾರಿಗೆ ಬರೆದಿದ್ದು ಅಂತಲೂ ಹೇಳಿದಾರೆ: ಇನ್ನೂ ತೀರ್ಮಾನ ಮಾಡದೆ ಹುಡುಕ್ತಿರೋರು, ಸ್ವಲ್ಪ ಸಂಶಯ ಇರೋರು, ಗಟ್ಟಿ ಸಂಶಯ ಇರೋರು, ನಂಬ್ತಾ ನಂಬ್ತಾನೇ ಒಳಗೊಳಗೆ ಅನುಮಾನ ಪಡೋರು. ಪೂರ್ತಿ ನಂಬಿಬಿಟ್ಟವರಿಗೆ ಅಲ್ಲ. ನನ್ನ ಪ್ರಕಾರ ಈ ಪುಸ್ತಕ ಹೆಚ್ಚು ಕೆಲಸ ಮಾಡೋದು ಆ ಕೊನೇ ಗುಂಪಿಗೆ, ನಂಬ್ತಾನೂ ಅನುಮಾನ ಪಡೋರಿಗೆ, ಮೂರನೇ ಗುಂಪಿಗೆ ಅಪಾಯನೇ ಜಾಸ್ತಿ. ಗಟ್ಟಿ ಸಂಶಯದವರಿಗೆ ಪ್ರತಿ ಪುಟವೂ ಭೇಷ್ ಅನ್ನತ್ತೆ, ಕನ್ಫರ್ಮೇಶನ್ ಬಯಾಸ್ ಅನ್ನೋ ನಮೂದನ್ನೂ ಅದೇ ಬಯಾಸಿಂದ ಓದಿ ಮುಗಿಸ್ತಾರೆ. ಹಾಗಾಗಿ ತಿಂಗಳಿಗೊಂದ್ಸಲ ನೀವು ಪೂರ್ತಿ ಒಪ್ಪೋ ನಮೂದು ತಗೊಂಡು ಅದರ ವಿರುದ್ಧದ ಅತ್ಯುತ್ತಮ ವಾದನ ನೀವೇ ಒಂದು ಪುಟ ಬರೀರಿ, ಎದುರು ಪಕ್ಷದವರು ಓದಿ 'ಹೌದು, ನಾವು ಹೇಳೋದು ಇದನ್ನೇ' ಅನ್ನೋ ಹಾಗಿರಬೇಕು. ಅಷ್ಟು ಬರೆಯೋಕೆ ಆಗದಿದ್ರೆ ನೀವು ಅದನ್ನ ತಿರಸ್ಕರಿಸಿಲ್ಲ, ಕೇಳಿಸ್ಕೊಂಡೇ ಇಲ್ಲ.

ಇನ್ನೊಂದು, ಫ್ಯಾಲಸಿಗಳ, ಅಂದ್ರೆ ವಾದದಲ್ಲಾಗೋ ತಪ್ಪುಗಳ, ಹೆಸರು ಬಾಯಿಪಾಠ ಮಾಡಬೇಡಿ. ಹೆಸರು ಕಲಿತ ಹೊಸದರಲ್ಲಿ ಎಲ್ಲರ ಮಾತಿಗೂ ಚೀಟಿ ಅಂಟಿಸೋಕೆ ಕೈ ತುಡಿಯತ್ತೆ. ವಾದ ಕೆಟ್ಟದಾಗಿದ್ರೂ ತೀರ್ಮಾನ ಸರಿ ಇರಬಹುದು, ಅದನ್ನ ಸರಿಯಾಗಿ ಬೆಂಬಲಿಸಿಲ್ಲ ಅಷ್ಟೇ. ಹಾಗೇ, ತಜ್ಞರ ಮಾತು ನಂಬೋದೆಲ್ಲ ತಪ್ಪು ಅಂತಲೂ ಅಲ್ಲ, ಎಲ್ಲವನ್ನೂ ನಾವೇ ಪರೀಕ್ಷೆ ಮಾಡೋಕೆ ಒಂದು ಜನ್ಮ ಸಾಲಲ್ಲ. ಆ ವ್ಯಕ್ತಿ ಅದೇ ವಿಷಯದ ತಜ್ಞರಾ, ಆ ಕ್ಷೇತ್ರದ ಉಳಿದವರು ಏನಂತಾರೆ, ಇದರಿಂದ ಅವರಿಗೆ ಲಾಭ ಇದೆಯಾ, ಅಂತ ಕೇಳಿ ಮುಂದುವರೀರಿ. ಫಿಲಾಸಫರ್ ಡೇವಿಡ್ ಹ್ಯೂಮ್ 1748ರಲ್ಲೇ ಹೇಳಿದ ಹಾಗೆ ನಂಬಿಕೆ ಸಾಕ್ಷಿಯ ಅಳತೆಗಿರಬೇಕು, ಅಂದ್ರೆ ಸಾಕ್ಷಿ ಗಟ್ಟಿ ಇದ್ದಾಗ ಗಟ್ಟಿಯಾಗಿ ನಂಬೋದೂ ಅದರಲ್ಲೇ ಸೇರಿದೆ. ಲಸಿಕೆ ಬಗ್ಗೆ, ಹವಾಮಾನದ ಬಗ್ಗೆ ರಾಶಿ ಸಾಕ್ಷಿ ಮುಂದಿದ್ದಾಗಲೂ 'ನಾನು ಸ್ಕೆಪ್ಟಿಕ್' ಅಂತ ತಲೆ ಅಲ್ಲಾಡಿಸೋದು ಈ ಪುಸ್ತಕ ಕಲಿಸೋ ಸಂಶಯ ಅಲ್ಲವೇ ಅಲ್ಲ.

ಒಪ್ಪಿ ಜೊತೆಯಾಗೋ ಆಟ, ಪರೀಕ್ಷೆ ಬಿಟ್ರೆ, ಮನೆಯವರ, ಸ್ನೇಹಿತರ ನಂಬಿಕೆಗಳ ಮೇಲೆ ಮೊದಲ ಆರು ತಿಂಗಳು ಇದ್ಯಾವುದನ್ನೂ ಪ್ರಯೋಗಿಸಬೇಡಿ. ಕಾಯಿಲೆಯಲ್ಲಿರೋರು, ಯಾರನ್ನೋ ಕಳ್ಕೊಂಡವರು ಹಿಡಿದಿರೋ ನಂಬಿಕೆನ ಚರ್ಚೆಗೆ ಎಳೀಬೇಡಿ, ಅದರಿಂದ ಅವರಿಗೆ ಹಾನಿ ಆಗ್ತಿದ್ರೆ ಮಾತ್ರ, ಅದೂ ಪಕ್ಕದಲ್ಲಿ ಕೂತು, ಮಾತಾಡಿ. 'ಇದು ನಿನಗೆ ಹೇಗೆ ಗೊತ್ತಾಯ್ತು' ಅಂತ ನಿಜವಾದ ಕುತೂಹಲದಿಂದ ಕೇಳಿ ಉತ್ತರ ಮುಗಿಯೋವರೆಗೆ ಸುಮ್ಮನಿರೋದು, ಫ್ಯಾಲಸಿ ಹೆಸರು ಹೇಳೋದಕ್ಕಿಂತ ಎಷ್ಟೋ ದೂರ ಹೋಗತ್ತೆ.

ಆರು ತಿಂಗಳಿಗೊಮ್ಮೆ ಹಳೇ ಪಟ್ಟಿ ತೆಗೆದು ಪಕ್ಕದಲ್ಲಿ ಹೊಸ ನಂಬರ್ ಬರೀರಿ, ಹಳೇದನ್ನ ಅಳಿಸಬೇಡಿ. ನನ್ನ ಹತ್ತರಲ್ಲಿ ಐದು ಇಳೀತು, ಎರಡು ಏರ್ತು, ಎರಡು ಹಾಗೇ ಇದೆ. ಹತ್ತನೇದು ನೆನಪಿಂದು. ಚಿಕ್ಕವಳಿದ್ದಾಗ ಒಂದು ಮದುವೆಯಲ್ಲಿ ಅಜ್ಜನ ಪಕ್ಕ ಕೂತಿದ್ದು, ಅವರು ನನ್ನ ಕೈ ಹಿಡ್ಕೊಂಡು ಹೇಳಿದ ಮಾತು, ಎಲ್ಲಾ ಹತ್ತಕ್ಕೆ ಹತ್ತು ಅಂತ ಬರೆದಿದ್ದೆ. 1974ರಲ್ಲಿ ಎಲಿಜಬೆತ್ ಲಾಫ್ಟಸ್ ಮತ್ತು ಜಾನ್ ಪಾಮರ್ ಅನ್ನೋ ಸೈಕಾಲಜಿಸ್ಟ್‌ಗಳು ಒಂದೇ ಥರದ ಅಪಘಾತದ ಫಿಲಂ ತೋರಿಸಿ, ಕಾರುಗಳು 'ಅಪ್ಪಳಿಸಿದಾಗ' ಎಷ್ಟು ವೇಗ ಇತ್ತು ಅಂತ ಕೇಳಿದ್ರೆ ಸರಾಸರಿ ಗಂಟೆಗೆ 40.5 ಮೈಲಿ, 'ಗುದ್ದಿದಾಗ' ಅಂತ ಕೇಳಿದ್ರೆ 34 ಮೈಲಿ ಅಂತ ಜನ ಹೇಳಿದ್ದನ್ನ ಓದಿದ ಮೇಲೆ, ಮನೆಯಲ್ಲಿ ವಿಚಾರಿಸಿದೆ. ಆ ಮದುವೆ ಹೊತ್ತಿಗೆ ಅಜ್ಜ ತೀರಿಕೊಂಡು ಒಂದು ವರ್ಷ ಆಗಿತ್ತಂತೆ. ಆ ಮಾತು ಅವರು ಬೇರೆ ಯಾವಾಗಲೋ ಹೇಳಿರಬಹುದು, ಬೇರೆ ಯಾರೋ ಹೇಳಿರಬಹುದು, ಯಾರೂ ಹೇಳದೆಯೂ ಇರಬಹುದು. ಹತ್ತರ ಪಕ್ಕ ಮೂರು ಅಂತ ಬರೆದೆ. ಆ ಕೈಯ ಬಿಸಿ ಮಾತ್ರ ಈಗಲೂ ಅಷ್ಟೇ ಸ್ಪಷ್ಟವಾಗಿ ನೆನಪಿದೆ.